ಬಸ್ಸಿನಲ್ಲಿ ಬರುವ ಹಬ್ಬದ ಚಂದ್ರ

ನಮ್ಮ ಕಡೆ ಹಬ್ಬದ ಚಂದ್ರ ಆಕಾಶದಲ್ಲಿ ಬರುವುದಿಲ್ಲ. ಮಂಗಳೂರು ಬಸ್ಸಿನಲ್ಲಿ ಬರುತ್ತಾನೆ.

ನಗು ಬಂದರೆ ನಕ್ಕುಬಿಡಿ. (ಈ ಅಂಕಣದಲ್ಲಿ ಇವತ್ತು ನಗುವುದಕ್ಕೆ ಇರುವುದು ಇಷ್ಟೇ.) ಶೃಂಗೇರಿಯಿಂದ ಕೆರೆಕಟ್ಟೆಗೆ ಹೋಗುವ ದಾರಿಯಲ್ಲಿ ನನ್ನ ತವರು. ಪಡುವಣಕ್ಕೆ ನೋಡಿದರೆ ಗುಡ್ಡ, ಅದರ ಹಿಂದೆ ಇನ್ನೊಂದು ಗುಡ್ಡ. ರಂಜಾನ್ ಮುಗಿಯುವಾಗ ಕಾಣಬೇಕಾದ ಚಂದ್ರ ಉಗುರು ಕತ್ತರಿಸಿ ಬಿಸಾಡಿದಷ್ಟು ತೆಳ್ಳಗೆ, ಸೂರ್ಯನ ಬೆನ್ನಿಗೇ ಮುಳುಗಿಬಿಡುತ್ತಾನೆ. ನಮ್ಮೂರಲ್ಲಿ ಅವನನ್ನು ಕಂಡವರೇ ಇಲ್ಲ. ಘಟ್ಟದ ಕೆಳಗೆ ಸಮುದ್ರದ ದಂಡೆಯಲ್ಲಿ ಯಾರಿಗಾದರೂ ಕಾಣಬೇಕು, ಅವರು ಸುದ್ದಿ ಕಳಿಸಬೇಕು, ಆಮೇಲೆ ನಮಗೆ ಹಬ್ಬ. ಮನೆಮನೆಗೆ ಫೋನ್ ಇಲ್ಲದ ಕಾಲದಲ್ಲಿ ಸುದ್ದಿ ತರುತ್ತಿದ್ದದ್ದು ಘಾಟಿ ಹತ್ತಿ ಬರುವ ಬಸ್ಸಿನ ಡ್ರೈವರ್. ಕಿಟಕಿಯಿಂದ ತಲೆ ಹೊರಗೆ ಹಾಕಿ "ಕಂಡಿತಂತೆ!" ಎಂದು ಕೂಗುತ್ತಾ ಹೋಗುತ್ತಿದ್ದ.

ಆದರೂ ಪ್ರತಿ ವರ್ಷ ಆ ಸಂಜೆ ಮಸೀದಿಯ ತಾರಸಿ ಹತ್ತಿ, ಹಣೆಗೆ ಕೈ ಅಡ್ಡ ಹಿಡಿದು, ಗುಡ್ಡವನ್ನೇ ದಿಟ್ಟಿಸುವವರು ಒಬ್ಬರಿದ್ದಾರೆ. ನಮ್ಮ ಪಕ್ಕದ ಮನೆಯ ಮಮ್ಮು ಕಾಕ. ಊರೂರು ಸುತ್ತಿ ಗ್ಯಾಸ್ ಸ್ಟವ್ ರಿಪೇರಿ ಮಾಡುವುದು ಅವರ ಕೆಲಸ. ಶೃಂಗೇರಿ, ಜಯಪುರ, ಕೊಪ್ಪ, ಎಲ್ಲ ಜಾತಿಯವರ ಅಡುಗೆಮನೆಯೂ ಅವರಿಗೆ ಗೊತ್ತು.

"ಕಾಣಲ್ಲ ಅಂತ ಗೊತ್ತಿದ್ದೂ ಯಾಕೆ ಹತ್ತುತ್ತೀರಿ ಕಾಕ?" ಎಂದು ಒಮ್ಮೆ ಕೇಳಿದ್ದೆ.

"ಕಾಣಿಸೋದು ಬಿಡೋದು ಮೇಲಿನವನಿಗೆ ಸೇರಿದ್ದು. ನೋಡೋದು ನನ್ನ ಕೆಲಸ ಮಾರಾಯ್ತಿ!"

ನನ್ನ ಅಣ್ಣನ ಮಗಳು ಸಫಿಯಾಗೆ ಮೈಯೆಲ್ಲ ತಮಾಷೆ. ಇನ್‌ಸ್ಟಾಗ್ರಾಮಿನಲ್ಲಿ 'ಸಮೋಸ ಸಮಾಚಾರ' ಅಂತ ಒಂದು ಮೀಮ್ ಪೇಜ್ ನಡೆಸುತ್ತಿದ್ದಳು. ಎಲ್ಲ ನಮ್ಮದೇ ಮನೆಯ ಜೋಕುಗಳು. ಜುಮ್ಮಾ ನಮಾಜು ಮುಗಿಸಿ ಹೊರಗೆ ಬಂದರೆ ಹೊಸ ಚಪ್ಪಲಿ ಮಾಯ. ರಾತ್ರಿ ತರಾವೀಹ್ ನಮಾಜಿಗೆ ಫ್ಯಾನಿನ ಕೆಳಗಿನ ಜಾಗಕ್ಕಾಗಿ ಓಡುವ ಮಾಮಂದಿರು. "ನೀರೂ ಕುಡಿಯೋ ಹಾಗಿಲ್ವಾ?" ಎಂದು ಪ್ರತಿ ವರ್ಷ ಹೊಸದಾಗಿ ಗಾಬರಿಯಾಗುವ ಆಫೀಸಿನ ಮೇಡಮ್. ಉಪವಾಸವಿದ್ದು ಸಮೋಸ ಕರಿಯುತ್ತಾ ಅವುಗಳನ್ನು ನೋಡಿ ನಕ್ಕಿದ್ದೇನೆ. ನಮ್ಮನ್ನು ನೋಡಿ ನಾವೇ ನಗುವುದರಲ್ಲಿ ಏನು ಸುಖ ಗೊತ್ತಾ?

ಹೋದ ವರ್ಷದ ರಂಜಾನಿನಲ್ಲಿ ತಾರಸಿಯ ಮೇಲೆ ನಿಂತ ಕಾಕನ ಫೋಟೋ ತೆಗೆದು ಹಾಕಿದಳು. ಕೆಳಗೆ ಬರೆದದ್ದು ಹೀಗೆ: "ಬಸ್ಸು ಇನ್ನೂ ಘಾಟಿಯಲ್ಲಿದೆ ಕಾಕ. ಚಂದ್ರನಿಗೆ ಸೀಟು ಸಿಕ್ಕಿಲ್ಲ, ನಿಂತ್ಕೊಂಡೇ ಬರ್ತಿದ್ದಾನೆ."

ಅಬ್ಬಾ, ಕಾಕನ ಖುಷಿ ನೋಡಬೇಕಿತ್ತು! ಹೋಟೆಲಿನಲ್ಲಿ ಚಾ ಕುಡಿಯುವವರ ಮುಂದೆಲ್ಲ ಫೋನ್ ಹಿಡಿದು ತೋರಿಸಿದರು. ಮಸೀದಿಯ ಉಸ್ತಾದರು ಹೊಟ್ಟೆ ಹಿಡಿದುಕೊಂಡು ನಕ್ಕು, "ನನಗೂ ಕಳಿಸಿ, ಮನೆಯಲ್ಲಿ ತೋರಿಸ್ತೇನೆ" ಅಂದರು.

ಅಲ್ಲಿಗೆ ನಿಂತಿದ್ದರೆ ಏನು ಕಡಿಮೆಯಾಗುತ್ತಿತ್ತು?

ಕೆಲವೇ ದಿನಗಳಲ್ಲಿ ಯಾರೋ ಪುಣ್ಯಾತ್ಮರು ಆ ಫೋಟೋ ಕದ್ದರು. ಕೆಳಗಿನ ಮಾತಿನಿಂದ ಬಸ್ಸನ್ನು ಅಳಿಸಿದರು, ಚಂದ್ರನನ್ನು ಅಳಿಸಿದರು. ಹಣೆಗೆ ಕೈ ಹಿಡಿದ ಕಾಕ ಮಾತ್ರ ಉಳಿದರು. ನಮ್ಮವರು ಊರಿನ ಜಮೀನು ಕಬಳಿಸುತ್ತಾರೆಂಬ ಗುಲ್ಲು ಎದ್ದಿದ್ದ ದಿನಗಳವು. ಕೆಳಗೆ ಹೊಸದಾಗಿ ಬರೆದರು: "ಇವತ್ತು ಯಾರ ಜಮೀನಿನ ಮೇಲೆ ಕಣ್ಣು?"

ಥೂ! ಸ್ವಂತಕ್ಕೊಂದು ತೆಂಗಿನಮರವೂ ಇಲ್ಲದ ಮನುಷ್ಯನಿಗೆ ಈ ಮಾತು.

ಅದು ಕಾಡಿಗೆ ಬೆಂಕಿ ಬಿದ್ದ ಹಾಗೆ ಹೋಯಿತು. ಕೊಪ್ಪದ ಗ್ರೂಪು, ನರಸಿಂಹರಾಜಪುರದ ಗ್ರೂಪು, ನಾನಿರುವ ಹಳೆ ವಿದ್ಯಾರ್ಥಿಗಳ ಗ್ರೂಪಿಗೂ ಬಂತು. ಜೊತೆಗೆ ಕಣ್ಣೀರು ಸುರಿಸಿ ನಗುವ ಹಳದಿ ಮುಖಗಳ ಸಾಲು. ಹಾಕಿದವಳು ನನ್ನ ಜೊತೆ ಒಂದೇ ಬೆಂಚಿನಲ್ಲಿ ಕೂತು ಓದಿದವಳು. "ಇವರು ನನಗೆ ಗೊತ್ತು, ನಿನ್ನ ಮನೆಯ ಸ್ಟವ್ವನ್ನೂ ಇವರೇ ಸರಿಮಾಡಿದ್ದು" ಎಂದು ಬರೆದೆ. "ಸುಮ್ನೆ ಜೋಕು ಕಣೇ" ಎಂದಳು. ಡಿಲೀಟ್ ಮಾಡಲಿಲ್ಲ.

ಇನ್ನು ನಮ್ಮವರು? ಬಿಡಿ, ಅವರೇನು ಕಡಿಮೆ! ಕದ್ದವರು ಯಾರೆಂದು ಗೊತ್ತಿಲ್ಲ, ಗೊತ್ತಿದ್ದರೂ ಕೇಳುವ ಧೈರ್ಯವಿಲ್ಲ. ಕೈಗೆ ಸಿಕ್ಕಿದವಳು ಸಫಿಯಾ. "ದೀನ್, ಧರ್ಮ ಅಂದ್ರೆ ತಮಾಷೆಯಾ?" "ಮಸೀದಿಯ ಫೋಟೋ ಹೊರಗೆ ಹಾಕೋಕೆ ಹೇಳಿದ್ಯಾರು?" "ಹೆಣ್ಣುಮಕ್ಕಳ ಕೈಗೆ ಫೋನ್ ಕೊಟ್ಟರೆ ಹೀಗೇ." ಮಸೀದಿ ನಡೆಸುವ ಜಮಾತಿನ ಗ್ರೂಪಿನಲ್ಲಿ ಒಂದರ ಹಿಂದೆ ಒಂದು ವಾಯ್ಸ್ ಮೆಸೇಜು. ಹೊಟ್ಟೆ ಹಿಡಿದುಕೊಂಡು ನಕ್ಕಿದ್ದ ಉಸ್ತಾದರು ಎಲ್ಲ ಕೇಳಿಸಿಕೊಂಡು ಮೌನವಾಗಿದ್ದರು. ನಕ್ಕಿದ್ದೆ ಅಂತ ಹೇಳಿದರೆ ಅವರ ಕೆಲಸ ಉಳಿಯುತ್ತಿತ್ತೋ ಇಲ್ಲವೋ, ನಾನು ಹೇಗೆ ಹೇಳಲಿ?

ಸಫಿಯಾ ಕ್ಷಮೆ ಕೇಳಿದಳು. ಯಾವ ತಪ್ಪಿಗೆ ಅಂತ ಅವಳಿಗೂ ಗೊತ್ತಿಲ್ಲ, ಕೇಳಿಸಿಕೊಂಡವರಿಗೂ ಗೊತ್ತಿಲ್ಲ. ಅವತ್ತೇ ಪೇಜ್ ಮುಚ್ಚಿದಳು. ಈಗ ಮನೆಗೆ ಹೋದರೆ "ಚಾ ಮಾಡ್ಲಾ ಮಾಮಿ?" ಅಂತ ಕೇಳುತ್ತಾಳೆ, ಅಷ್ಟೇ. ಎಷ್ಟು ಮಾತಾಡುತ್ತಿದ್ದ ಹುಡುಗಿ!

ಈ ಸಲ ಹಬ್ಬದ ಹಿಂದಿನ ಸಂಜೆ ತಾರಸಿಯ ಮೇಲೆ ಯಾರೂ ಇರಲಿಲ್ಲ. ಕಾಕನಿಗೆ ಮೊಣಕಾಲು ನೋವಂತೆ. ಇರಬಹುದು ಅಂದುಕೊಂಡೆ.

ಹೋದ ವಾರ, ಈಗ ನಾನಿರುವ ಕೊಪ್ಪದ ಮನೆಯಲ್ಲಿ ಸ್ಟವ್ ಕೈಕೊಟ್ಟಿತು. ಫೋನ್ ಮಾಡಿದೆ, ಕಾಕ ಬಂದರು. ನಮ್ಮ ಮನೆಯ ಮೆಟ್ಟಿಲುಗಳನ್ನು ಸಲೀಸಾಗಿ ಹತ್ತಿದರು. ಬರ್ನರ್ ಬಿಚ್ಚಿ, ಪಿನ್ನು ಹಾಕಿ ಕಸ ತೆಗೆಯುತ್ತಾ ಕೂತರು.

"ಜಯಪುರದ ಕಡೆ ಹೋಗ್ತಿದ್ದೀರಾ ಕಾಕ?"

"ಇಲ್ಲ ಮಗಳೇ, ಬಿಟ್ಟೆ."

"ಯಾಕೆ? ಯಾರಾದ್ರೂ ಏನಾದ್ರೂ ಅಂದ್ರಾ?"

"ಅಯ್ಯೋ, ಬಯ್ಯಲಿಲ್ಲಪ್ಪ! ಒಳ್ಳೇ ಜನ, ಕೂರಿಸಿ ಕಾಫಿ ಕೊಟ್ರು. 'ಕಾಕಾ, ಸ್ಟವ್ ನೋಡಿ ಸಾಕು, ನಮ್ಮ ಜಾಗದ ಮೇಲೆ ಕಣ್ಣು ಹಾಕ್ಬೇಡಿ ಮಾರಾಯ್ರೇ' ಅಂತ ನಗಾಡಿದ್ರು. ನಾನೂ ನಗಾಡಿದೆ. ಆ ಕಾಫಿ ಮಾತ್ರ ಒಳಗೆ ಇಳೀಲಿಲ್ಲ ನೋಡು."

ಬೈದಿದ್ದರೆ ತಿರುಗಿ ಬೈಯಬಹುದಿತ್ತು. ಕಾಫಿ ಕೊಟ್ಟು ಜೋಕು ಮಾಡಿದವರ ಜೊತೆ ಹೇಗೆ ಜಗಳವಾಡುವುದು? ಅವರಿಗೆ ಕಾಕ ಗೊತ್ತು, ಕಾಕನ ಕೈಕೆಲಸ ಗೊತ್ತು. ಆದರೂ ಆ ಫೋಟೋ ನೋಡಿದ ಮೇಲೆ ಬಾಗಿಲಿಗೆ ಬಂದ ಕಾಕನಲ್ಲಿ ಅವರಿಗೆ ಕಂಡದ್ದು ಫೋಟೋದ ಮನುಷ್ಯ. ಇದನ್ನು ಯಾವ ಭಾಷಣದಿಂದ, ಯಾವ ಸೌಹಾರ್ದ ಸಭೆಯಿಂದ ಸರಿಮಾಡುತ್ತೀರಿ? ನನಗಂತೂ ನಂಬಿಕೆ ಹೋಗಿದೆ.

ಕಾಕ ಸ್ಟವ್ ಹಚ್ಚಿ ನೋಡಿದರು. ನೀಲಿ ಉರಿ ಬಂತು. ಕೈ ಒರೆಸಿಕೊಂಡು, ಸ್ವಲ್ಪ ನಾಚಿಕೊಂಡು ಕೇಳಿದರು:

"ನಮ್ಮ ಸಫಿಯಾ ಹಾಕಿದ ಆ ಬಸ್ಸಿನ ಜೋಕು ಉಂಟಾ ನಿನ್ನ ಹತ್ರ? ನನ್ನ ಫೋನ್ ಹಾಳಾಗಿ ಎಲ್ಲ ಹೋಯ್ತು. ಮೊಮ್ಮಗಳು ಸಣ್ಣವಳು, ದೊಡ್ಡವಳಾದ ಮೇಲೆ ನೋಡಲಿ ಅಂತ."

ನನ್ನ ಹತ್ತಿರ ಇರಲಿಲ್ಲ. ಸಫಿಯಾಗೆ ಫೋನ್ ಮಾಡಿದೆ. "ಪೇಜ್ ಜೊತೆ ಹೋಯ್ತು ಮಾಮಿ. ಹೆದರಿಕೆಯಾಗಿ ಫೋನಿನಿಂದಲೂ ತೆಗೆದುಬಿಟ್ಟೆ," ಎಂದಳು. ಇಂಟರ್‌ನೆಟ್ಟಿನಲ್ಲಿ ಹುಡುಕಿದೆ. ತಡವೇ ಆಗಲಿಲ್ಲ, ಕಾಕ ಸಿಕ್ಕಿದರು. ಅದೇ ತಾರಸಿ, ಅದೇ ಕೈ. ಕೆಳಗೆ ಜಮೀನಿನ ಮಾತು, ಅದರ ಕೆಳಗೆ ನಗುವವರ ದಂಡು.

"ಸಿಕ್ತಾ?" ಎಂದು ಕಾಕ ಕನ್ನಡಕ ಏರಿಸಿ ಬಗ್ಗಿದರು. ಫೋನನ್ನು ಮಗುಚಿ ಇಟ್ಟು, ಇಲ್ಲ ಅಂದೆ.

ಮೊಮ್ಮಗಳು ದೊಡ್ಡವಳಾಗಿ ತಾನೇ ಹುಡುಕುವ ದಿನ, ಫೋನ್ ಮಗುಚಿಡಲು ಯಾರಿರುತ್ತಾರೆ?