ಪಲ್ಪರ್ ಮನೆಯ ಹಾಡಿನ ಹುಡುಗರು

ನಮ್ಮ ಎಸ್ಟೇಟಿನ ಹುಡುಗರು ಹಾಡು ಕಲಿಯುವುದು ಪಲ್ಪರ್ ಮನೆಯಲ್ಲಿ, ಕಾಫಿ ಹಣ್ಣಿನ ಸಿಪ್ಪೆ ಬಿಡಿಸುವ ಮೆಷಿನ್ ಪಕ್ಕದಲ್ಲೇ. ಸಾಹುಕಾರರ ತಾಯಿ, ನಮಗೆಲ್ಲ ಅಮ್ಮನವರು, ಈ ತಂಡ ಶುರು ಮಾಡಿದ ಕಾಲಕ್ಕೆ ಸಂಜೆ ದೀಪ ಉರಿಯುತ್ತಿದ್ದದ್ದು ಅಲ್ಲಿ ಮಾತ್ರವಂತೆ. ಮೆಷಿನ್ನಿನ ಸದ್ದನ್ನು ಮೀರಿ ಹಾಡಿ ಹಾಡಿಯೇ ನಮ್ಮ ಗಂಟಲು ತಯಾರಾಗಿದ್ದು.

ಅಮ್ಮನವರು ಎರಡು ಕಟ್ಟುಪಾಡು ಮಾಡಿಟ್ಟಿದ್ದಾರೆ. ಕರೆಂಟ್ ಹೋದರೂ ಹಾಡು ನಿಲ್ಲಬಾರದು. ಕತ್ತಲಿಗೆ ಹೆದರಿ ಒಬ್ಬ ಬಾಯಿ ಮುಚ್ಚಿದರೆ ಪಕ್ಕದವನು ಸಾಲನ್ನು ಎತ್ತಿಕೊಳ್ಳಬೇಕು. ಇನ್ನೊಂದು, ದನಿ ಒಡೆದವನು ತಂಡ ಬಿಡಬೇಕು. 'ನಾಳೆಯಿಂದ ಬರೋದು ಬೇಡ ಮಗ' ಎಂದು ನನ್ನನ್ನೂ ಹಾಗೆಯೇ ಕಳಿಸಿದ್ದರು. ಆಮೇಲೆ ಎಷ್ಟೋ ಸಂಜೆ ಪಲ್ಪರ್ ಮನೆಯ ಹೊರಗೆ ನಿಂತು ಕೇಳಿಸಿಕೊಂಡಿದ್ದೇನೆ. ಈಗ ನಾನು ಅದೇ ಎಸ್ಟೇಟಿನ ರೈಟರ್. ಹಗಲು ಆಳುಗಳ ಹಾಜರಿ, ಸಂಜೆ ಈ ಕೋತಿಗಳಿಗೆ ಹಾಡು ಹೇಳಿಕೊಡುವುದು.

ಹೋದ ಕೊಯ್ಲಿನಲ್ಲಿ ಚಿಕ್ಕಮಗಳೂರಿನ ಸ್ಪರ್ಧೆಗೆ ಹೆಸರು ಕೊಟ್ಟಿದ್ದೆವು. ಮೊದಲ ಸಾಲನ್ನು ಒಬ್ಬನೇ ಹಾಡಬೇಕಿದ್ದವನು ಪಲ್ಪರ್ ನಡೆಸುವವನ ಮಗ. ಇನ್ನೇನು ಒಂದು ವಾರ ಇದೆ ಎನ್ನುವಾಗ ಅವನು ನೀರು ಕೇಳುವಾಗ ದನಿ ಎರಡಾಗಿ ಸೀಳಿತು. ಶೀತ ಇರಬೇಕು ಎಂದು ನನಗೆ ನಾನೇ ಸುಳ್ಳು ಹೇಳಿಕೊಂಡು ದಿನಾ ಕಾಳುಮೆಣಸಿನ ಕಷಾಯ ಕುಡಿಸಿದೆ. ಅವನೂ ಕುಡಿದ. ಅವನಿಗೂ ಗೊತ್ತಿತ್ತು. ಬೇರೆ ಹುಡುಗನನ್ನು ನಿಲ್ಲಿಸೋಣ ಎನ್ನಲು ದಿನಾ ಅವನ ಹತ್ತಿರ ಹೋಗುತ್ತಿದ್ದೆ, ಅವನ ಮುಖ ನೋಡಿ ವಾಪಸಾಗುತ್ತಿದ್ದೆ. ರಾತ್ರಿ ನಿದ್ದೆ ಹತ್ತಲಿಲ್ಲ.

ಸ್ಪರ್ಧೆಯ ದಿನ ಜೀಪಿನಲ್ಲಿ ಉಳಿದವರೆಲ್ಲ ತಿರುವು ತಿರುವಿಗೂ ಕೂಗಾಡಿದರು. ಅವನು ಮಾತ್ರ ಕಿಟಕಿಗೆ ತಲೆ ಒರಗಿಸಿ ಕೂತಿದ್ದ.

ವೇದಿಕೆಯಲ್ಲಿ ಹಾರ್ಮೋನಿಯಂ ಮೇಲಿಟ್ಟ ನನ್ನ ಬೆರಳು ತಣ್ಣಗಾಗಿತ್ತು. ಅವನು ಹಾಡು ಎತ್ತಿದ. ಅರ್ಧ ಸಾಲು ಚೆನ್ನಾಗಿಯೇ ಹೋಯಿತು. ದನಿ ಮೇಲೇರುವ ಕಡೆ ಸೀಳಿತು, ನಿಂತೇ ಹೋಯಿತು. ಮುಂದಿನ ಕುರ್ಚಿಗಳಲ್ಲಿ ಯಾರೋ ನಕ್ಕರು. ನಾನು ಕಣ್ಣು ಮುಚ್ಚಿಕೊಂಡೆ.

ಅಷ್ಟರಲ್ಲಿ ಅವನ ಎಡಕ್ಕಿದ್ದ ಕುಳ್ಳ ಹುಡುಗ ಉಳಿದ ಅರ್ಧ ಸಾಲು ಎತ್ತಿಕೊಂಡ, ಅವನ ಹಿಂದೆ ಎಲ್ಲರೂ. ಕರೆಂಟ್ ಹೋದಾಗ ಮಾಡುವುದನ್ನೇ ಮಾಡಿದ್ದು. ನಾನು ಹಾಗೆಯೇ ಹೇಳಿಕೊಟ್ಟಿದ್ದೆನೋ ಎಂಬಷ್ಟು ಸಲೀಸಾಗಿ ಹಾಡು ಕೊನೆ ಮುಟ್ಟಿತು. ಅವನು ಬಾಯಿ ಮುಚ್ಚಿಕೊಂಡು ಅವರ ನಡುವೆ ನಿಂತೇ ಇದ್ದ.

ಬಹುಮಾನ ಬರಲಿಲ್ಲ. ವಾಪಸು ಬರುವಾಗ ಮೂಡಿಗೆರೆಯಲ್ಲಿ ಚಹಾಕ್ಕೆ ಇಳಿದೆವು. ಅವನು ನನ್ನ ಹತ್ತಿರ ಬಂದ.

"ನಾಳೆ ನಾನು ಎಲ್ಲಿ ನಿಲ್ಲದು ರೈಟ್ರೇ?"

ಅಮ್ಮನವರ ಮಾತೇ ನನ್ನ ನಾಲಿಗೆಯ ತುದಿಗೆ ಬಂದಿತ್ತು. ನುಂಗಿಕೊಂಡೆ.

"ನನ್ನ ಪಕ್ಕ ನಿಲ್ಲು ಮಾರಾಯ."

"ಅಲ್ಲಿ ಯಾರೂ ನಿಲ್ಲದಿಲ್ವಲ್ಲ. ಅಮ್ಮೋರಿಗೆ ಯಾರು ಹೇಳದು?"

ನಾನು ಹೇಳುತ್ತೇನೆ ಎಂದೆ. ಬಿಸಿ ಲೋಟ ಹಿಡಿದಿದ್ದರೂ ನನ್ನ ಬೆರಳು ಮತ್ತೆ ತಣ್ಣಗಾಗಿತ್ತು.