ಹೆಸರಿಲ್ಲದ ದೊಡ್ಡಪ್ಪ

ಈ ಪರದೇಶದ ಫುಲ್‌ಶೀರ್ ಊರಿನಲ್ಲಿ, ನಮ್ಮ ಹೊಸ ಬಡಾವಣೆಯ ಹಿಂದೆ, ಈಗಿಲ್ಲದ ಯಾವುದೋ ಊರಿನ ಹಳೆಯ ಸ್ಮಶಾನವಿದೆ. ಬೆಳಗ್ಗೆ ನಿದ್ದೆಗೆಟ್ಟ ಕಣ್ಣಿನಲ್ಲೇ ಮಗುವಿನ ಸ್ಟ್ರಾಲರ್ ತಳ್ಳಿಕೊಂಡು ಹೋದವಳು ಒಂದು ಪುಟ್ಟ ಕಲ್ಲಿನ ಮುಂದೆ ನಿಂತುಬಿಟ್ಟೆ. 'ನಮ್ಮ ಮಗು, ಒಂಬತ್ತು ದಿನ' ಎಂದಷ್ಟೇ ಇಂಗ್ಲಿಷಿನಲ್ಲಿ ಕೆತ್ತಿದ್ದರು. ಹೆಸರಿರಲಿಲ್ಲ.

ನಾನು ಚಿಕ್ಕವಳಿದ್ದಾಗ ಹುಣಸೂರಿನಲ್ಲಿ ಅಜ್ಜಿಯ ಹಿತ್ತಲ ಕರಿಬೇವಿನ ಬುಡದಲ್ಲಿ ಅಂಗೈಯಗಲದ ನುಣುಪು ಕಲ್ಲೊಂದಿತ್ತು. ಕುಂಟೆಬಿಲ್ಲೆಗೆ ಚೆನ್ನಾಗಿದೆ ಎಂದು ಕಿತ್ತು ತಂದು, ಒಂಟಿಕಾಲಲ್ಲಿ ಒದೆಯುತ್ತ ಆಡುತ್ತಿದ್ದೆ. ಎಂದೂ ಕೈಯೆತ್ತದ ಅಜ್ಜಿ ಬೆನ್ನಿಗೆ ಬಾರಿಸಿದರು. ಆಮೇಲೆ ಕಲ್ಲನ್ನು ಸೆರಗಿನಲ್ಲಿ ಒರೆಸಿ, ಮತ್ತೆ ಅಲ್ಲೇ ಇಟ್ಟು ಬಂದರು.

ಅಪ್ಪನ ತಂಗಿ ರುಕ್ಕತ್ತೆ ನನ್ನ ಕಣ್ಣೊರೆಸಿ, "ಅದರಡಿ ನಿನ್ ದೊಡ್ಡಪ್ಪ ಇದಾನೆ ಕಣೇ" ಎಂದರು.

"ದೊಡ್ಡಪ್ಪನ ಹೆಸರೇನು?"

"ಹೆಸರೆಲ್ಲಿ ಬಂತು? ನಾಮಕರಣಕ್ಕೆ ಮುಂಚೇನೇ ಹೋಯ್ತು ಮಗು."

ಕಲ್ಲನ್ನು ಒದ್ದ ಕಾಲನ್ನು ನಾನು ಹಿಂದಕ್ಕೆಳೆದುಕೊಂಡಿದ್ದೆ. ಇವತ್ತೂ ಸ್ಮಶಾನದ ಆ ಪುಟ್ಟ ಕಲ್ಲಿನ ಮುಂದಿನಿಂದ ಹಾಗೇ ಹಿಂದೆ ಸರಿದೆ.

ನನ್ನ ಮಗಳಿಗೆ ಎರಡು ತಿಂಗಳು. ಆಸ್ಪತ್ರೆಯ ಫಾರಂನಲ್ಲಿ ಹೆಸರು ಬರೆದಾಗಿದೆ. ಆದರೆ ನನ್ನ ಅತ್ತೆ ಮಾವ ವೀಸಾ ಸಿಕ್ಕಿ ಬಂದು ತೊಟ್ಟಿಲಿಗೆ ಹಾಕುವವರೆಗೂ ಯಾರೂ ಹಾಗೆ ಕರೆಯುವಂತಿಲ್ಲ, ಬರೀ 'ಪಾಪು'. ಮನೆ ಸೇರುವವರೆಗೂ ಕಾಯಲಾಗಲಿಲ್ಲ. ಸ್ಮಶಾನದ ಗೇಟು ದಾಟಿ ಹೊರಬಂದವಳೇ ಬಗ್ಗಿ, ಅವಳ ಕಿವಿಯಲ್ಲಿ ಮೂರು ಸಲ ಹೇಳಿಬಿಟ್ಟೆ: ಇಂಚರಾ, ಇಂಚರಾ, ಇಂಚರಾ.