ಗಂಟಲಿನ ಗಂಟು

ಹೋದ ವರ್ಷ ಅಪ್ಪ ತೀರಿಕೊಂಡ ತಿಂಗಳಲ್ಲೇ ನನ್ನ ಗಂಟಲಲ್ಲಿ ಏನೋ ಗಂಟು ಬಂದು ಕೂತಿತು. ಅನ್ನ ಇಳಿಯುತ್ತಿತ್ತು, ಉಗುಳು ಇಳಿಯುತ್ತಿರಲಿಲ್ಲ. ದಾವಣಗೆರೆ ಪಕ್ಕದ ಕರೂರಿನ ಕಾರ್ಖಾನೆಯಲ್ಲಿ ಹಗಲೆಲ್ಲ ಸೂಪರ್‌ವೈಸರನ ಹಾಗೇ ದನಿ ತೆಗೆದು ಎಲ್ಲರನ್ನೂ ಓಡಿಸುತ್ತಿದ್ದ ನಾನು, ರೂಮಿಗೆ ಬಂದರೆ ಕನ್ನಡಿ ಮುಂದೆ ಬಾಯಿ ತೆರೆದು ಟಾರ್ಚ್ ಬಿಟ್ಟುಕೊಂಡು ಕೂಡುತ್ತಿದ್ದೆ. ಒಳಗೆ ಕಿರುನಾಲಿಗೆ ಬಿಟ್ಟರೆ ಬೇರೆ ಯಾರೂ ಇರಲಿಲ್ಲ.

ದಾವಣಗೆರೆಯ ಗಂಟಲು ಡಾಕ್ಟರು ಕ್ಯಾಮೆರಾ ಇಳಿಸಿ ನೋಡಿದರು. "ಏನೂ ಇಲ್ಲಪ್ಪ."

"ಹಂಗಾದ್ರ ಇದೇನ್ರಿ ಸರ್, ಉಗುಳು ನುಂಗಾಕೂ ಪರ್ಮಿಷನ್ ಕೇಳ್ತೈತೆ?" ಅಂದೆ, ಅವರದೇ ಮೂಗುದನಿಯಲ್ಲಿ.

ನರ್ಸ್ ನಕ್ಕರು. ಡಾಕ್ಟರೂ ನಕ್ಕರು. "ಚಲೋ ತೆಗೀತೀಯಲ್ಲೋ! ಇದು ಶುರುವಾದ ದಿನ ಯಾರ ದನಿ ತೆಗ್ದಿದ್ದಿ?"

ತಮಾಷೆಗೇ ಕೇಳಿದರೇನೋ. ನಾನು ಹೇಳಿಬಿಟ್ಟೆ.

ಹರಿಹರದಲ್ಲಿ ಅಕ್ಕನ ಜೊತೆ ಇರುವ ಅವ್ವನಿಗೆ ನಾನು ಯಾವತ್ತೂ ನನ್ನ ದನಿಯಲ್ಲಿ ಫೋನ್ ಮಾಡಿದವನಲ್ಲ. ಒಂದು ದಿನ ಗ್ಯಾಸಿನವನು, ಒಂದು ದಿನ ಬ್ಯಾಂಕಿನ ಮೇಡಂ. ಅವ್ವ ಬೈಯಬೇಕು, ನಾನು ನಗಬೇಕು, ಆಮೇಲೆ ಮಾತು. ಅಪ್ಪನ ಹನ್ನೊಂದನೇ ದಿನದ ಕಾರ್ಯ ಮುಗಿಸಿ ಬಂದ ಮರುದಿನ ಫೋನ್ ಮಾಡಿದವನು, ಅಭ್ಯಾಸಬಲದಿಂದ, ಅಪ್ಪನ ದನಿ ತೆಗೆದೆ. "ಏ, ಎಲ್ಲಿದ್ದೀಯೇ?"

"ಬಂದೆ, ಬಂದೆ ರೀ" ಅಂದಳು ಅವ್ವ. ಸ್ಟೂಲು ಉರುಳಿದ ಸದ್ದು ಕೇಳಿತು. ಎದ್ದೇ ಬಿಟ್ಟಿದ್ದಳು.

ನಾನು ಕಟ್ ಮಾಡಿದೆ. ಆಮೇಲೆ ಮೂರು ವಾರ ಅವ್ವನ ಫೋನೂ ಎತ್ತಲಿಲ್ಲ, ಅಕ್ಕನದೂ ಎತ್ತಲಿಲ್ಲ.

ಡಾಕ್ಟರು ಚೀಟಿ ಬರೆಯಲಿಲ್ಲ. "ನೋವು ಖರೇನೇ ಐತಪ್ಪ, ನಾಟಕ ಅಂತ ನಾ ಅನ್ನಲ್ಲ. ಆದ್ರ ಅದಕ್ಕ ಗುಳಿಗಿ ನನ್ನ ಹತ್ರ ಇಲ್ಲ. ಹೊರಗ ಬೆಂಚ್ ಐತೆ. ಕುಂತು ಅವ್ವಗ ಫೋನ್ ಹಚ್ಚು. ಯಾರ ದನೀನೂ ಬ್ಯಾಡ, ನಿನ್ನ ದನ್ಯಾಗೇ ಮಾತಾಡು."

ಮಾಡಿದೆ. "ಅವ್ವಾ."

"ಯಾರ್ರೀ?"

"ನಾನವ್ವ."

"ಇವತ್ತು ಯಾರ ದನಿ ತೆಗ್ದೀಯೋ? ಗುರ್ತೇ ಸಿಗ್ಲಿಲ್ಲ ನೋಡು."

"ನಂದೇ."

"ಹಿಂಗೈತಾ?" ಅಂದಳು. "ಮಾತಾಡು ಮತ್ತ, ಕೇಳ್ತೀನಿ."

ಊರವರ ಮಾತೆಲ್ಲ ಬರುವ ನನಗೆ ನನ್ನದೊಂದು ಮಾತೂ ಹೊಳೆಯಲಿಲ್ಲ. ಫೋನ್ ಕಿವಿಗೆ ಒತ್ತಿಕೊಂಡು ಬೆಂಚಿನ ಮೇಲೆ ಕೂತೇ ಇದ್ದೆ. ಅವಳೂ ಕಟ್ ಮಾಡಲಿಲ್ಲ.